ಒಂದು ಕಾರ್ಟ್ರಿಜ್, ಒಬ್ಬನೇ ಟ್ರೇನರ್: ಪೋಕೆಮಾನ್ ಆಟವನ್ನು ಅಳಿಸಿ ಮತ್ತೆ ಶುರು ಮಾಡುವುದು ಹೇಗೆ, ಅದು ಅಷ್ಟು ಕಷ್ಟವೇಕೆ

ನಿಂಟೆಂಡೊ ಡಿಎಸ್ ಎಂಬ, ಕೈಯಲ್ಲಿ ಹಿಡಿದು ಆಡುವ ಹಳೆಯ ಯಂತ್ರವೊಂದು ನಿಮಗೆ ಸಿಕ್ಕಿದೆ, ಅದರಲ್ಲಿ ಪೋಕೆಮಾನ್ ಡೈಮಂಡ್ ಆಟದ ಕಾರ್ಡ್ (ಕಾರ್ಟ್ರಿಜ್) ಇದೆ ಎಂದುಕೊಳ್ಳಿ. ಆನ್ ಮಾಡಿದರೆ ಯಾರೋ ಅರ್ಧಕ್ಕೆ ಬಿಟ್ಟುಹೋದ ಆಟ ಕಾಣುತ್ತದೆ. ಜೊತೆಗೆ ‘ನ್ಯೂ ಗೇಮ್’ ಎಂಬ ಆಯ್ಕೆಯೂ ಇದೆ. ಅದನ್ನು ಒತ್ತುತ್ತೀರಿ, ಹೆಸರು ಕೊಡುತ್ತೀರಿ, ಹಿಡಿದು ಸಾಕಿ ಯುದ್ಧಕ್ಕಿಳಿಸುವ ಪೋಕೆಮಾನ್ ಪ್ರಾಣಿಗಳಲ್ಲಿ ಮೊದಲನೆಯದನ್ನು ಆರಿಸಿಕೊಂಡು ಹುಲ್ಲಿನಲ್ಲಿ ಅಲೆದು ಅದನ್ನು ಬೆಳೆಸುತ್ತೀರಿ. ಎರಡು ಗಂಟೆ ಕಳೆದ ಮೇಲೆ ಸೇವ್ ಮಾಡಲು ಹೋದರೆ ಆಟ ಒಪ್ಪುವುದಿಲ್ಲ. ಈ ಕಾರ್ಡಿನಲ್ಲಿ ಬೇರೊಂದು ಆಟ ಈಗಾಗಲೇ ಉಳಿದಿದೆ, ಅದರ ಮೇಲೆ ಬರೆಯಲು ಬಿಡುವುದಿಲ್ಲ ಎಂಬುದು ಅದರ ವಾದ. ಹಳೆಯದನ್ನು ಅಳಿಸುವ ಆಯ್ಕೆಗಾಗಿ ಮೆನುಗಳನ್ನೆಲ್ಲ ಜಾಲಾಡಿದರೂ ಸಿಗುವುದಿಲ್ಲ. ಅದು ಯಾವ ಮೆನುವಿನಲ್ಲೂ ಇಲ್ಲ.

ಅವಸರದಲ್ಲಿರುವವರಿಗೆ ಉತ್ತರವನ್ನು ಈಗಲೇ ಕೊಟ್ಟುಬಿಡುತ್ತೇನೆ. ಆಟದ ಹೆಸರು ದೊಡ್ಡದಾಗಿ ಮೂಡುವ ಆರಂಭದ ಪರದೆಯಲ್ಲಿ ದಿಕ್ಕಿನ ಗುಂಡಿಯ ಮೇಲ್ಭಾಗ, ಸೆಲೆಕ್ಟ್ ಮತ್ತು ಬಿ, ಈ ಮೂರನ್ನೂ ಒಟ್ಟಿಗೆ ಒತ್ತಿ ಹಿಡಿಯಬೇಕು. ಆಗ ಉಳಿಸಿದ ಆಟವನ್ನೆಲ್ಲ ಅಳಿಸಲೇ ಎಂಬ ಪ್ರಶ್ನೆ ಬರುತ್ತದೆ. ಆದರೆ ‘ಯೆಸ್’ ಒತ್ತುವ ಮುನ್ನ ಮುಂದಿನದನ್ನೂ ಓದಿ. ಒತ್ತಿದ ಮೇಲೆ ಓದಿ ಪ್ರಯೋಜನವಿಲ್ಲ.

ಬೇರೆ ಎಷ್ಟೋ ಆಟಗಳಲ್ಲಿ ಮೂರು, ಹತ್ತು, ನೂರು ಸೇವ್‌ಗಳನ್ನು ಇಟ್ಟುಕೊಳ್ಳಬಹುದು. ಹಿಂದಿನ ಘಟ್ಟಕ್ಕೆ ಹೋಗಬಹುದು, ತಂಗಿಗೆ ಒಂದು, ಅಣ್ಣನಿಗೆ ಒಂದು ಎಂದು ಹಂಚಿಕೊಳ್ಳಬಹುದು. ಪೋಕೆಮಾನಿನ ಮುಖ್ಯ ಸರಣಿಯಲ್ಲಿ 1996ರಿಂದ ಇಂದಿನವರೆಗೂ ಆ ಉದಾರತೆ ಇಲ್ಲ. ಆ ಆಟದ ಲೆಕ್ಕದಲ್ಲಿ ಸೇವ್ ಫೈಲ್ ಎಂದರೆ ಒಬ್ಬ ವ್ಯಕ್ತಿ, ಪ್ರಾಣಿಗಳನ್ನು ಹಿಡಿದು ಪಳಗಿಸುವ ‘ಟ್ರೇನರ್’. ಅವನಿಗೆ ಹೆಸರಿದೆ, ಗುರುತಿನ ಸಂಖ್ಯೆ ಇದೆ, ಅವನು ಹಿಡಿದ ಪ್ರತಿಯೊಂದು ಪ್ರಾಣಿಯ ಮೇಲೂ ಆ ಹೆಸರು ಮತ್ತು ಸಂಖ್ಯೆಯ ಮುದ್ರೆ ಇದೆ. ಸೇವ್ ಅಳಿಸಿದರೆ ಆ ವ್ಯಕ್ತಿ ಹೋದ. ಮತ್ತೆ ಶುರು ಮಾಡಿದಾಗ ಬರುವವನು ಅದೇ ಹೆಸರಿನವನಾದರೂ ಆಟದ ಕಣ್ಣಿಗೆ ಬೇರೆಯವನು. ಈ ಒಂದು ಸಂಗತಿ ತಲೆಗೆ ಹೋದರೆ ಉಳಿದ ವಿಚಿತ್ರ ನಿಯಮಗಳೆಲ್ಲ ತಾವಾಗಿಯೇ ಅರ್ಥವಾಗುತ್ತವೆ.

32 ಕಿಲೋಬೈಟಿನ ಇಕ್ಕಟ್ಟು

ಒಂದೇ ಸೇವ್ ಏಕೆ ಎಂಬುದಕ್ಕೆ ಮೊದಲ ಕಾರಣ ಜಾಗ. ಜಪಾನಿನ ಗೇಮ್ ಫ್ರೀಕ್ ಸಂಸ್ಥೆ, ಸತೋಶಿ ತಾಜಿರಿಯವರ ನೇತೃತ್ವದಲ್ಲಿ, 1996ರ ಫೆಬ್ರುವರಿ 27ರಂದು ಪೋಕೆಮಾನ್ ರೆಡ್ ಮತ್ತು ಗ್ರೀನ್ ಆಟಗಳನ್ನು ಗೇಮ್ ಬಾಯ್ ಯಂತ್ರಕ್ಕೆ ತಂದಿತು. ಗೇಮ್ ಬಾಯ್ ಅಷ್ಟರಲ್ಲಾಗಲೇ ಏಳು ವರ್ಷದ ಹಳೆಯ ಯಂತ್ರ. ಆಟದ ಕಾರ್ಯಕ್ರಮವಿರುವ ಚಿಪ್ ಕಾರ್ಟ್ರಿಜ್‌ನೊಳಗೆ ಬೇರೆ, ಆಟಗಾರನ ಪ್ರಗತಿಯನ್ನು ಇಡುವ ಚಿಪ್ ಬೇರೆ. ಈ ಎರಡನೆಯದರ ಗಾತ್ರ 32 ಕಿಲೋಬೈಟ್. ಇಂದು ಮೊಬೈಲಿನಲ್ಲಿ ಬರುವ ಶುಭೋದಯದ ಚಿತ್ರವೊಂದು ಸಾಮಾನ್ಯವಾಗಿ ಇದಕ್ಕಿಂತ ದೊಡ್ಡದಿರುತ್ತದೆ.

ಆ 32 ಕಿಲೋಬೈಟಿನಲ್ಲಿ ಏನೇನು ತುಂಬಬೇಕಿತ್ತು ನೋಡಿ. ಇಂಗ್ಲಿಷ್ ಆವೃತ್ತಿಯಲ್ಲಿ ಹಿಡಿದ ಪ್ರಾಣಿಗಳನ್ನು ಇಡಲು 12 ಪೆಟ್ಟಿಗೆಗಳು, ಒಂದೊಂದರಲ್ಲಿ 20 ಪ್ರಾಣಿ, ಒಟ್ಟು 240. ಒಂದೊಂದು ಪ್ರಾಣಿಗೆ 33 ಬೈಟ್ ವಿವರ. ಅದರ ಮೇಲೆ ಅದರ ಅಡ್ಡಹೆಸರಿಗೆ 11 ಬೈಟ್, ಅದನ್ನು ಮೊದಲು ಹಿಡಿದ ಟ್ರೇನರ್‌ನ ಹೆಸರಿಗೆ ಇನ್ನೊಂದು 11. ಪೆಟ್ಟಿಗೆಗಳೇ 13 ಕಿಲೋಬೈಟ್ ನುಂಗಿದವು. ಕೊನೆಯ ಪಂದ್ಯ ಗೆದ್ದ 50 ತಂಡಗಳ ನೆನಪಿಡುವ ‘ಹಾಲ್ ಆಫ್ ಫೇಮ್’ಗೆ ಇನ್ನೊಂದು 4,800 ಬೈಟ್. ಜೊತೆಗೆ ಕೈಯಲ್ಲಿರುವ ಆರು ಪ್ರಾಣಿಗಳು, ಹಣ, ಚೀಲದ ಸಾಮಾನು, ಯಾವ ಊರಿನ ಯಾವ ಮನುಷ್ಯನ ಜೊತೆ ಮಾತು ಮುಗಿದಿದೆ ಎಂಬ ಲೆಕ್ಕ. ಜಾಗ ಸಾಲದೆ, ಪ್ರಾಣಿಗಳ ಚಿತ್ರಗಳನ್ನು ಬಿಡಿಸಿಕೊಳ್ಳುವ ತಾತ್ಕಾಲಿಕ ಸ್ಥಳವನ್ನೂ ಇದೇ ಚಿಪ್ಪಿನಲ್ಲಿ ಮಾಡಿಕೊಂಡಿದ್ದರು. ಇನ್ನೊಬ್ಬ ಆಟಗಾರನಿಗೆ ಎಲ್ಲಿಂದ ಜಾಗ ತರುವುದು?

ಆದರೆ ಜಾಗವೊಂದೇ ಕಾರಣವಾಗಿದ್ದರೆ ಮುಂದಿನ ಯಂತ್ರಗಳಲ್ಲಿ ಈ ನಿಯಮ ಸಡಿಲಗೊಳ್ಳಬೇಕಿತ್ತು. ಡಿಎಸ್ ಕಾರ್ಡಿನಲ್ಲಿ 512 ಕಿಲೋಬೈಟ್ ಇತ್ತು, ಆದರೂ ಸೇವ್ ಒಂದೇ. ನನಗೆ ತೋರುವ ಕಾರಣ ಆಟದ ಹುಟ್ಟಿನಲ್ಲೇ ಇದೆ. ಬಾಲ್ಯದಲ್ಲಿ ಹುಳು ಹಿಡಿಯುವ ಹುಚ್ಚಿದ್ದ ತಾಜಿರಿಯವರಿಗೆ, ಎರಡು ಗೇಮ್ ಬಾಯ್‌ಗಳನ್ನು ಜೋಡಿಸುವ ಕೇಬಲ್ ಕಂಡಾಗ ಪ್ರಾಣಿಗಳು ಅದರ ಮೂಲಕ ಅತ್ತಿಂದಿತ್ತ ಹೋಗುವ ಕಲ್ಪನೆ ಬಂತು. ಎಲ್ಲ ಪ್ರಾಣಿಗಳೂ ಒಂದೇ ಆಟದಲ್ಲಿ ಸಿಗದಂತೆ ರೆಡ್, ಗ್ರೀನ್ ಎಂದು ಎರಡು ಆವೃತ್ತಿ ಮಾಡಿದ್ದೇ ಇದಕ್ಕೆ. ಮೊದಲ ಮೂರು ಪ್ರಾಣಿಗಳಲ್ಲಿ ಒಂದನ್ನು ಮಾತ್ರ ಆರಿಸಬೇಕು, ಉಳಿದೆರಡು ಬೇಕಿದ್ದರೆ ಗೆಳೆಯರನ್ನು ಕೇಳಬೇಕು. ಒಂದೇ ಕಾರ್ಟ್ರಿಜ್‌ನಲ್ಲಿ ಮೂರು ಸೇವ್ ಕೊಟ್ಟು, ಅವುಗಳ ನಡುವೆ ಪ್ರಾಣಿಗಳು ಓಡಾಡುವಂತಾಗಿದ್ದರೆ ಗೆಳೆಯರ ಹಂಗೇ ಬೇಡವಾಗುತ್ತಿತ್ತು. ಒಬ್ಬರಿಗೆ ಒಂದೇ ಜೀವನ ಎಂಬ ಕಟ್ಟುಪಾಡು ಈ ಆಟದ ಬೆನ್ನೆಲುಬು. ವ್ಯಾಪಾರಕ್ಕೂ ಅದು ಒಳ್ಳೆಯದೇ ಆಯಿತು, ಎರಡು ಮಕ್ಕಳಿರುವ ಮನೆಗೆ ಎರಡು ಕಾರ್ಟ್ರಿಜ್ ಬೇಕಲ್ಲ!

ಐದಂಕಿಯ ಗುರುತು

‘ನ್ಯೂ ಗೇಮ್’ ಒತ್ತಿದಾಗ ಆಟ ಸದ್ದಿಲ್ಲದೆ ಒಂದು ಸಂಖ್ಯೆಯನ್ನು ಯಾದೃಚ್ಛಿಕವಾಗಿ ಆರಿಸುತ್ತದೆ, 0ಯಿಂದ 65535ರ ನಡುವೆ. ಅದು ಟ್ರೇನರ್ ಐಡಿ. 2002ರಲ್ಲಿ ಬಂದ ರೂಬಿ, ಸಫೈರ್ ಆಟಗಳಿಂದ ಈಚೆಗೆ ಪರದೆಯ ಮೇಲೆ ಕಾಣದ ಇನ್ನೊಂದು ರಹಸ್ಯ ಸಂಖ್ಯೆಯೂ ಅದರ ಜೊತೆ ಸೇರಿತು. ನೀವು ಹಿಡಿಯುವ ಪ್ರತಿ ಪ್ರಾಣಿಯ ಮೇಲೂ ಇದು ಅಚ್ಚಾಗುತ್ತದೆ, ಮುಂದೆ ಯಾರ ಕೈಗೆ ಹೋದರೂ ಅಳಿಯುವುದಿಲ್ಲ.

ಈಗ ಒಂದು ಪ್ರಯೋಗವನ್ನು ಊಹಿಸಿ. ರೆಡ್ ಆಟದಲ್ಲಿ ನಿಮ್ಮ ಚಾರಿಜಾರ್ಡ್ 100ನೇ ಮಟ್ಟ ಮುಟ್ಟಿದೆ. ಅದನ್ನು ಗೆಳತಿಯ ಕಾರ್ಟ್ರಿಜ್‌ಗೆ ಕಳುಹಿಸಿ, ನಿಮ್ಮ ಸೇವ್ ಅಳಿಸಿ, ಅದೇ ಹೆಸರಿನಲ್ಲಿ ಹೊಸದಾಗಿ ಶುರು ಮಾಡಿ, ಅದನ್ನು ವಾಪಸು ತರಿಸಿಕೊಳ್ಳುತ್ತೀರಿ. ಯುದ್ಧಕ್ಕೆ ಇಳಿಸಿದರೆ ಅದು ನಿಮ್ಮ ಮಾತು ಕೇಳುವುದಿಲ್ಲ. ನಿದ್ದೆ ಮಾಡುತ್ತದೆ, ಹೇಳಿದ್ದು ಬಿಟ್ಟು ಬೇರೆಯದನ್ನು ಮಾಡುತ್ತದೆ. ನಿಮ್ಮ ಹೊಸ ಸಂಖ್ಯೆ ಅದರ ಮೇಲಿರುವ ಸಂಖ್ಯೆಗೆ ಹೊಂದುವುದಿಲ್ಲವಾದ್ದರಿಂದ ನೀವು ಅದಕ್ಕೆ ಅಪರಿಚಿತರು. ಆಟದ ಮುಖ್ಯ ಘಟ್ಟಗಳನ್ನು ಗೆದ್ದಾಗ ಸಿಗುವ ಬ್ಯಾಡ್ಜ್ ಇಲ್ಲದ ಹೊಸಬರ ಮಾತನ್ನು ಬೇರೆಯವರ ಪ್ರಾಣಿಗಳು 10ನೇ ಮಟ್ಟದವರೆಗೆ ಮಾತ್ರ ಕೇಳುತ್ತವೆ. ಬ್ಯಾಡ್ಜ್‌ಗಳು ಹೆಚ್ಚಿದಂತೆ ಈ ಮಿತಿ 30, 50, 70 ಎಂದು ಏರುತ್ತದೆ, ಎಂಟನೆಯದು ಬಂದ ಮೇಲೆ ಎಲ್ಲವೂ ತಲೆಬಾಗುತ್ತವೆ. ಇದಕ್ಕೊಂದು ಪರಿಹಾರವೂ ಇದೆ: ಅಪರಿಚಿತರ ಪ್ರಾಣಿಗಳು ಯುದ್ಧದಲ್ಲಿ ಒಂದೂವರೆ ಪಟ್ಟು ಅನುಭವ ಗಳಿಸುತ್ತವೆ. ಆದ್ದರಿಂದ ಪುನರಾರಂಭ ಮಾಡುವವರು ಬಲಶಾಲಿ ಪ್ರಾಣಿಗಿಂತ ಹಳೆಯ ಆಟದಲ್ಲಿ ಮೊಟ್ಟೆಯೊಡೆದು ಬಂದ ಮರಿಯನ್ನು ಉಳಿಸಿಟ್ಟುಕೊಂಡರೆ ಹೆಚ್ಚು ಲಾಭ. ಮೊಟ್ಟೆಗಳು ಬಂದದ್ದು 1999ರ ಗೋಲ್ಡ್, ಸಿಲ್ವರ್‌ನಿಂದ. ರೆಡ್ ಆಡುವವರಿಗೆ ಆ ಭಾಗ್ಯವಿಲ್ಲ.

ಅಳಿಸುವುದೆಂದರೆ ನಿಜಕ್ಕೂ ಏನಾಗುತ್ತದೆ?

ಕಂಪ್ಯೂಟರಿನಲ್ಲಿ ಕಡತ ಅಳಿಸಿದರೆ ಹೆಚ್ಚಾಗಿ ಅದರ ವಿಳಾಸ ಮಾತ್ರ ಹೋಗಿರುತ್ತದೆ, ಒಳಗಿನ ಸರಕು ಸ್ವಲ್ಪ ಕಾಲ ಉಳಿದಿರುತ್ತದೆ, ಪರಿಣತರು ಹೆಕ್ಕಿ ತೆಗೆಯಬಲ್ಲರು. ರೆಡ್, ಬ್ಲೂ (ಜಪಾನಿನ ಹೊರಗೆ ಗ್ರೀನ್ ಬದಲಿಗೆ ಬಂದದ್ದು) ಆಟಗಳಲ್ಲಿ ಆ ಆಸೆ ಬೇಡ. ಅಲ್ಲಿ ಮೂರು ಗುಂಡಿ ಒತ್ತಿ ಒಪ್ಪಿಗೆ ಕೊಟ್ಟರೆ, ಆಟ ಸೇವ್ ಚಿಪ್ಪಿನ ನಾಲ್ಕೂ ಭಾಗಗಳ ಮೇಲೆ ತುದಿಯಿಂದ ತುದಿಗೆ ಒಂದೇ ಅಂಕಿಯನ್ನು ಬರೆದುಬಿಡುತ್ತದೆ: 255, ಅಂದರೆ ಒಂದು ಬೈಟ್ ಹಿಡಿಯಬಹುದಾದ ಅತಿ ದೊಡ್ಡ ಸಂಖ್ಯೆ. ಪೆಟ್ಟಿಗೆಗಳು, ಹೆಸರು, ಹಾಲ್ ಆಫ್ ಫೇಮ್, ಎಲ್ಲದರ ಮೇಲೂ 255. ಹೆಕ್ಕಲು ಏನೂ ಉಳಿಯುವುದಿಲ್ಲ.

ಆನ್ ಮಾಡಿದಾಗ ಚಿಪ್ಪಿನಲ್ಲಿರುವ ಸೇವ್ ಸರಿಯಾಗಿದೆಯೇ ಎಂದು ಆಟಕ್ಕೆ ತಿಳಿಯುವುದು ಹೇಗೆ? ಅಂಗಡಿಯ ಶೆಟ್ಟರು ಖಾತೆ ಪುಸ್ತಕದ ಪ್ರತಿ ಪುಟದ ಕೆಳಗೆ ಮೊತ್ತ ಬರೆದಿಟ್ಟು, ಮರುದಿನ ಮತ್ತೆ ಕೂಡಿ ತಾಳೆ ನೋಡುವಂತೆ, ಆಟವೂ ಸೇವ್ ಮಾಡುವಾಗ ಮುಖ್ಯ ಬೈಟ್‌ಗಳನ್ನೆಲ್ಲ ಕೂಡಿ ಅದರಿಂದ ಒಂದು ಸಣ್ಣ ಸಂಖ್ಯೆಯನ್ನು ತೆಗೆದು ಕೊನೆಯಲ್ಲಿ ಬರೆದಿಡುತ್ತದೆ. ಇದಕ್ಕೆ ಚೆಕ್‌ಸಮ್ ಎನ್ನುತ್ತಾರೆ. ತೆರೆಯುವಾಗ ಮತ್ತೆ ಕೂಡುತ್ತದೆ. ಮೊತ್ತ ತಾಳೆಯಾಗದಿದ್ದರೆ ಆ ಸೇವ್ ಅನ್ನು ನಂಬುವುದಿಲ್ಲ. ಅರ್ಧ ಬರೆದ ಸೇವ್ ಆದರೆ ‘ಫೈಲ್ ನಾಶವಾಗಿದೆ’ ಎಂಬ ಎದೆಯೊಡೆಯುವ ಸಂದೇಶ ಬರುತ್ತದೆ.

2002ರ ನಂತರದ ಗೇಮ್ ಬಾಯ್ ಅಡ್ವಾನ್ಸ್ ಆಟಗಳಲ್ಲಿ ತಂತ್ರ ಬದಲಾಯಿತು. ಚಿಪ್ 128 ಕಿಲೋಬೈಟಿನ ಫ್ಲ್ಯಾಶ್ (ವಿದ್ಯುತ್ ಇಲ್ಲದಿದ್ದರೂ ನೆನಪಿಡುವ ಬಗೆಯದು) ಆಯಿತು, ನಾಲ್ಕು ನಾಲ್ಕು ಕಿಲೋಬೈಟಿನ ತುಂಡುಗಳಾಗಿ ಅಳಿಯುವಂಥದ್ದು. ಅಳಿದ ಫ್ಲ್ಯಾಶ್ ತುಂಡಿನ ಸಹಜ ಸ್ಥಿತಿಯೂ 255ಗಳ ಸಾಲೇ. ಈ ಆಟಗಳು ಇನ್ನೊಂದು ಜಾಣತನ ಮಾಡಿದವು. 14 ತುಂಡುಗಳ ಎರಡು ಪ್ರತಿಗಳನ್ನಿಟ್ಟು, ಒಮ್ಮೆ ಇದರ ಮೇಲೆ, ಇನ್ನೊಮ್ಮೆ ಅದರ ಮೇಲೆ ಬರೆಯುತ್ತ ಹೋಗುತ್ತವೆ. ಸೇವ್ ಆಗುತ್ತಿರುವಾಗಲೇ ಬ್ಯಾಟರಿ ಹೋದರೂ ಹಿಂದಿನ ಪ್ರತಿ ಸುರಕ್ಷಿತ. ಸೇವ್ ಕೆಟ್ಟಿದೆ, ಹಿಂದಿನದನ್ನು ತೆರೆಯುತ್ತೇನೆ ಎಂದು ಆಟವೇ ಹೇಳುತ್ತದೆ. ಆಟಗಾರರಿಗೆ ಕಾಣುವುದು ಒಂದೇ ಸೇವ್, ಒಳಗಿರುವುದು ಎರಡು.

ಹಿಂದಿನ ತಲೆಮಾರಿಗೆ ಈ ರಕ್ಷಣೆ ಪೂರ್ತಿಯಾಗಿ ಇರಲಿಲ್ಲ. ಅದನ್ನು ಮಕ್ಕಳು ಚೆನ್ನಾಗಿ ಬಳಸಿಕೊಂಡರು. ಗೋಲ್ಡ್, ಸಿಲ್ವರ್ ಆಟಗಳಲ್ಲಿ ಪೆಟ್ಟಿಗೆ ಬದಲಾಯಿಸಿದರೆ ಆಟ ಸೇವ್ ಮಾಡುತ್ತದೆ. ಪ್ರಾಣಿಯೊಂದನ್ನು ಪೆಟ್ಟಿಗೆಗೆ ಹಾಕಿ, ಪೆಟ್ಟಿಗೆ ಬದಲಾಯಿಸಿ, ಸೇವ್ ಆಗುವ ನಡುವೆ ಸರಿಯಾದ ಕ್ಷಣಕ್ಕೆ ಯಂತ್ರ ಆಫ್ ಮಾಡಿದರೆ, ಪೆಟ್ಟಿಗೆಯ ಹೊಸ ಲೆಕ್ಕ ಬರೆದಾಗಿರುತ್ತದೆ, ಕೈಯಲ್ಲಿರುವ ತಂಡದ ಹಳೆಯ ಲೆಕ್ಕ ಹಾಗೆಯೇ ಉಳಿದಿರುತ್ತದೆ. ಒಂದೇ ಪ್ರಾಣಿ ಎರಡೂ ಕಡೆ! ಕ್ಷಣ ತಪ್ಪಿದರೆ ಸೇವ್ ಕೆಡುವ ಅಪಾಯವೂ ಇತ್ತು, ಆದರೆ ಆ ವಯಸ್ಸಿನಲ್ಲಿ ಅದನ್ನು ಲೆಕ್ಕಿಸಿದವರು ಕಡಿಮೆ.

ರೀಸೆಟ್ ಬೇರೆ, ಅಳಿಸುವುದು ಬೇರೆ

ಇವೆರಡನ್ನು ಬಹಳ ಜನ ಕಲಸಿಕೊಳ್ಳುತ್ತಾರೆ. ಗೇಮ್ ಬಾಯ್ ಆಟಗಳಲ್ಲಿ ಎ, ಬಿ, ಸ್ಟಾರ್ಟ್, ಸೆಲೆಕ್ಟ್ ನಾಲ್ಕನ್ನೂ ಒಟ್ಟಿಗೆ ಒತ್ತಿದರೆ ಆಟ ಶುರುವಿನ ಪರದೆಗೆ ಮರಳುತ್ತದೆ. ಡಿಎಸ್ ಆಟಗಳಲ್ಲಿ ಎಲ್, ಆರ್, ಸ್ಟಾರ್ಟ್, ಸೆಲೆಕ್ಟ್. ಇದು ಯಂತ್ರವನ್ನು ಆಫ್ ಮಾಡಿ ಆನ್ ಮಾಡಿದಂತೆಯೇ, ಕೊನೆಯ ಸೇವ್‌ಗೆ ಧಕ್ಕೆಯಿಲ್ಲ. ಮೊದಲ ಪೋಕೆಮಾನನ್ನು ತಪ್ಪಾಗಿ ಆರಿಸಿಬಿಟ್ಟಿರಿ, ಇನ್ನೂ ಸೇವ್ ಮಾಡಿಲ್ಲ ಎಂದಾದರೆ ಇಷ್ಟೇ ಸಾಕು. ಬಣ್ಣ ಬೇರೆಯಿರುವ ಅಪರೂಪದ ‘ಶೈನಿ’ ಪ್ರಾಣಿಗಾಗಿ ಗಂಟೆಗಟ್ಟಲೆ ರೀಸೆಟ್ ಮಾಡುತ್ತ ಕೂರುವವರು ಒತ್ತುವುದೂ ಇದನ್ನೇ. ಗೋಲ್ಡ್‌ನಿಂದ ಬ್ಲ್ಯಾಕ್ ಮತ್ತು ವೈಟ್‌ವರೆಗಿನ ಆಟಗಳಲ್ಲಿ ಅದು ಸಿಗುವ ಸಾಧ್ಯತೆ 8192ಕ್ಕೆ ಒಂದು, 2013ರ ಎಕ್ಸ್, ವೈ ಆಟಗಳಿಂದ 4096ಕ್ಕೆ ಒಂದು.

ಅಳಿಸುವ ಗುಂಡಿಗಳ ಚರಿತ್ರೆ ಚಿಕ್ಕದು. ರೆಡ್‌ನಿಂದ ಹಿಡಿದು ಗೋಲ್ಡ್, ಕ್ರಿಸ್ಟಲ್, ರೂಬಿ, ಎಮರಾಲ್ಡ್, ಫೈರ್‌ರೆಡ್, ಡೈಮಂಡ್, ಪ್ಲಾಟಿನಂ, ಹಾರ್ಟ್‌ಗೋಲ್ಡ್, ಬ್ಲ್ಯಾಕ್, ವೈಟ್ ಮತ್ತು ಅವುಗಳ ಎರಡನೆಯ ಭಾಗದವರೆಗೆ ಅವೇ ಮೂರು: ಮೇಲಿನ ದಿಕ್ಕು, ಸೆಲೆಕ್ಟ್, ಬಿ. ಡಿಎಸ್‌ನ ನಂತರದ ಯಂತ್ರವಾದ 3ಡಿಎಸ್‌ನಲ್ಲಿ ಬಂದ ಎಕ್ಸ್, ವೈನಿಂದ ಸನ್, ಮೂನ್‌ವರೆಗೆ ಸೆಲೆಕ್ಟ್ ಬದಲಿಗೆ ಎಕ್ಸ್ ಗುಂಡಿ ಬಂತು: ಮೇಲಿನ ದಿಕ್ಕು, ಎಕ್ಸ್, ಬಿ. ಎಲ್ಲವನ್ನೂ ಆರಂಭದ ಪರದೆಯಲ್ಲೇ ಒತ್ತಬೇಕು, ಸ್ಟಾರ್ಟ್ ಒತ್ತಿ ಒಳಗೆ ಹೋದ ಮೇಲೆ ಇದು ಕೆಲಸ ಮಾಡದು.

ಇಷ್ಟು ಗುಟ್ಟಾಗಿ ಏಕೆ ಇಟ್ಟರು? ಬೆರಳುಗಳನ್ನು ಒಮ್ಮೆ ಇಟ್ಟು ನೋಡಿ. ಎಡಗೈ ಹೆಬ್ಬೆರಳು ಮೇಲಕ್ಕೆ, ಬಲಗೈ ಹೆಬ್ಬೆರಳು ಬಿ ಮೇಲೆ, ನಡುವಿನ ಸೆಲೆಕ್ಟ್‌ಗೆ ಮೂರನೆಯ ಬೆರಳು ಬೇಕು. ಆಡುವಾಗ ಈ ಭಂಗಿ ಅಕಸ್ಮಾತ್ತಾಗಿ ಬರುವುದು ಕಷ್ಟ. ಮನೆಯ ಪುಟ್ಟ ಮಗು ಯಂತ್ರವನ್ನು ಎತ್ತಿಕೊಂಡು ಗುಂಡಿಗಳನ್ನೆಲ್ಲ ಕುಟ್ಟಿದರೂ ಅಣ್ಣನ ನೂರು ಗಂಟೆಯ ಶ್ರಮ ಹಾಳಾಗಬಾರದಲ್ಲ. ರೆಡ್, ಬ್ಲೂನಲ್ಲಿ ಇನ್ನೂ ಒಂದು ಸೂಕ್ಷ್ಮವಿದೆ: ಆಟದ ಉಳಿದೆಡೆ ‘ಯೆಸ್’ ಮೇಲಿರುತ್ತದೆ, ‘ನೋ’ ಕೆಳಗೆ. ಅಳಿಸುವ ಪ್ರಶ್ನೆಗೆ ಮಾತ್ರ ‘ನೋ’ ಮೇಲೆ. ಅಭ್ಯಾಸಬಲದಿಂದ ಎ ಒತ್ತಿದವರು ಬಚಾವಾಗುತ್ತಾರೆ. ಮೂವತ್ತು ವರ್ಷದ ಹಿಂದೆ ಇಷ್ಟು ಯೋಚಿಸಿದವರನ್ನು ಮೆಚ್ಚಲೇಬೇಕು. ಆದರೆ ಗುಂಡಿಗಳ ಗುಟ್ಟನ್ನು ಆಟದೊಳಗೆ ಎಲ್ಲೂ ಹೇಳದೆ ಬಿಟ್ಟದ್ದು, ಕೈಪಿಡಿಯಿಲ್ಲದೆ ಹಳೆಯ ಕಾರ್ಟ್ರಿಜ್ ಕೊಂಡವರ ಪಾಲಿಗೆ ದೊಡ್ಡ ತಲೆನೋವಾಯಿತು.

ಮೊದಲ ಮೂರು ತಲೆಮಾರುಗಳಲ್ಲಿ, ಅಂದರೆ ರೆಡ್, ಗೋಲ್ಡ್, ರೂಬಿ ಕಾಲದ ಆಟಗಳಲ್ಲಿ, ಅಳಿಸದೆಯೂ ಮುಂದುವರಿಯಬಹುದಿತ್ತು ಎನ್ನಿ. ‘ನ್ಯೂ ಗೇಮ್’ ಆಡಿ ಸೇವ್ ಮಾಡಲು ಹೋದಾಗ, ಚಿಪ್ಪಿನಲ್ಲಿರುವ ಸೇವ್‌ನ ಗುರುತಿನ ಸಂಖ್ಯೆ ಈಗ ಆಡುತ್ತಿರುವವನದ್ದೇ ಎಂದು ರೆಡ್ ಪರೀಕ್ಷಿಸುತ್ತದೆ. ಅಲ್ಲವಾದರೆ, ಹಳೆಯದನ್ನು ಅಳಿಸಿ ಬರೆಯಲೇ ಎಂದು ಕೇಳುತ್ತದೆ. ಹೂಂ ಎಂದರೆ ಮುಗಿಯಿತು. ಡಿಎಸ್ ಕಾಲದಿಂದ ಈ ದಾರಿ ಮುಚ್ಚಿತು, ಮೊದಲು ಅಳಿಸಿ ಆಮೇಲೆ ಬನ್ನಿ ಎಂಬ ನಿಯಮ ಬಂತು. ಎಕ್ಸ್, ವೈ ಆಟಗಳಲ್ಲಂತೂ ಸೇವ್ ಇರುವವರೆಗೆ ‘ನ್ಯೂ ಗೇಮ್’ ಎಂಬುದೇ ಕಾಣುವುದಿಲ್ಲ. ಎರಡು ಗಂಟೆ ಆಡಿಸಿ ಕೈಯೆತ್ತುವುದಕ್ಕಿಂತ ಅದು ಎಷ್ಟೋ ವಾಸಿ.

ಅಳಿಸುವ ಮುನ್ನ ಯಾರನ್ನು ಹೊರಗೆ ಕಳುಹಿಸಬಹುದು

ಇಟ್ಟುಕೊಳ್ಳಬೇಕಾದ ಪ್ರಾಣಿಗಳಿದ್ದರೆ ಅವನ್ನು ಮೊದಲು ಕಾರ್ಟ್ರಿಜ್‌ನಿಂದ ಹೊರಗೆ ದಾಟಿಸಬೇಕು. ಯಾವ ಆಟ ಎಂಬುದರ ಮೇಲೆ ದಾರಿ ನಿಂತಿದೆ, ದಾರಿಗಳಲ್ಲಿ ಅನೇಕವು ಈಗ ಮುಚ್ಚಿವೆ.

ರೆಡ್, ಬ್ಲೂ, ಯೆಲ್ಲೊ, ಗೋಲ್ಡ್, ಸಿಲ್ವರ್, ಕ್ರಿಸ್ಟಲ್‌ಗಳ ಮೂಲ ಕಾರ್ಟ್ರಿಜ್‌ಗಳು ತಮ್ಮತಮ್ಮಲ್ಲೇ ಕೇಬಲ್ ಮೂಲಕ ವಿನಿಮಯ ಮಾಡಿಕೊಳ್ಳಬಲ್ಲವು. ಅಲ್ಲಿಂದ ಮುಂದಕ್ಕೆ ದಾರಿಯೇ ಇಲ್ಲ. ರೂಬಿ, ಸಫೈರ್ ಆಟಗಳು ಪ್ರಾಣಿಗಳ ವಿವರವನ್ನು ಬರೆದಿಡುವ ಕ್ರಮವನ್ನೇ ಬದಲಾಯಿಸಿದವು, ಹಳೆಯವು ಅಲ್ಲಿಗೆ ಹೋಗಲಾರವು. ರೂಬಿಯಿಂದ ಈಚಿನವು ಒಂದು ಸರಪಣಿಯಲ್ಲಿ ಮುಂದೆ ಸಾಗಬಹುದು: ಗೇಮ್ ಬಾಯ್ ಅಡ್ವಾನ್ಸ್ ಕಾರ್ಟ್ರಿಜ್ ಹಾಕುವ ಕಂಡಿಯಿರುವ ಹಳೆಯ ಡಿಎಸ್ ಇದ್ದರೆ ಡೈಮಂಡ್ ಆಟದ ‘ಪಾಲ್ ಪಾರ್ಕ್’ಗೆ, ಆರಾರರಂತೆ. ಅಲ್ಲಿಂದ ಎರಡು ಡಿಎಸ್ ಬಳಸಿ ಬ್ಲ್ಯಾಕ್, ವೈಟ್‌ಗೆ. ಅಲ್ಲಿಂದ ಪ್ರಾಣಿಗಳನ್ನು ಆನ್‌ಲೈನ್‌ನಲ್ಲಿ ಇಡುವ 3ಡಿಎಸ್‌ನ ಪೋಕೆಮಾನ್ ಬ್ಯಾಂಕ್‌ಗೆ, ಬ್ಯಾಂಕ್‌ನಿಂದ ನಿಂಟೆಂಡೊದ ಇನ್ನೂ ಈಚಿನ ಯಂತ್ರವಾದ ಸ್ವಿಚ್ ಮತ್ತು ಮೊಬೈಲಿನಲ್ಲಿರುವ ಪೋಕೆಮಾನ್ ಹೋಮ್‌ಗೆ. ಈ ಸರಪಣಿಯಲ್ಲಿ ಮುಂದೆ ದಾಟಿದ ಪ್ರಾಣಿ ಹಿಂದಕ್ಕೆ ಬರಲಾರದು.

ತೊಡಕು ಬ್ಯಾಂಕ್‌ನಲ್ಲಿದೆ. 3ಡಿಎಸ್‌ನ ಆನ್‌ಲೈನ್ ಅಂಗಡಿ 2023ರ ಮಾರ್ಚ್ 27ರಂದು ಮಾರಾಟ ನಿಲ್ಲಿಸಿತು. ಅದಕ್ಕೂ ಮುನ್ನ ಬ್ಯಾಂಕ್ ಇಳಿಸಿಕೊಂಡಿದ್ದವರಿಗೆ ಅದು ಉಚಿತವಾಯಿತು, ಇಳಿಸಿಕೊಳ್ಳದವರಿಗೆ ಹೊಸದಾಗಿ ಸಿಗದು. 3ಡಿಎಸ್‌ನ ಸಾಮಾನ್ಯ ಆನ್‌ಲೈನ್ ಸೇವೆ 2024ರ ಏಪ್ರಿಲ್‌ನಲ್ಲಿ ನಿಂತಿತು. ಡಿಎಸ್‌ನದ್ದು 2014ರ ಮೇ ತಿಂಗಳಲ್ಲೇ ನಿಂತಿತ್ತು, ಹಾಗಾಗಿ ಡೈಮಂಡ್‌ನಲ್ಲಿ ದೂರದ ಗೆಳೆಯರಿಗೆ ಕಳುಹಿಸುವ ಅಧಿಕೃತ ಮಾರ್ಗವೂ ಇಲ್ಲ. ಪಕ್ಕದಲ್ಲಿ ಕೂತು ವಿನಿಮಯ ಮಾಡಬೇಕು. ಹೋಮ್‌ನಲ್ಲಿ ಹಣ ಕೊಡದವರಿಗೆ 30 ಪ್ರಾಣಿಗಳ ಜಾಗ, ಹಣ ಕೊಟ್ಟವರಿಗೆ 6,000. ಅಲ್ಲಿಗೆ ಹೋಗುವ ಪ್ರಾಣಿ ಕೈಯಲ್ಲಿ ಹಿಡಿದ ಸಾಮಾನನ್ನು ಬಿಟ್ಟೇ ಹೋಗಬೇಕು. ಹಣ, ಬ್ಯಾಡ್ಜ್, ಆಡಿದ ಗಂಟೆಗಳ ಲೆಕ್ಕ, ಇವುಗಳನ್ನು ಉಳಿಸುವ ಉಪಾಯ ಯಾವ ತಲೆಮಾರಿನಲ್ಲೂ ಇಲ್ಲ. ಒಮ್ಮೆ ಮಾತ್ರ ಹಂಚಿದ ವಿಶೇಷ ಪ್ರಾಣಿಗಳು ನಿಮ್ಮ ಸೇವ್‌ನಲ್ಲಿ ಇದ್ದರೆ ಎರಡು ಸಲ ಯೋಚಿಸಿ. ಆ ಹಂಚಿಕೆಗಳು ಮತ್ತೆ ಬರುವುದಿಲ್ಲ.

ಕಾಂಟಿನ್ಯೂ ಕಾಣದಿದ್ದರೆ

ಕೆಲವರು ಕೇಳುವ ಪ್ರಶ್ನೆ ತಿರುಗುಮುರುಗಾಗಿರುತ್ತದೆ: ನಾನು ಅಳಿಸಿಯೇ ಇಲ್ಲ, ಆದರೂ ಹಳೆಯ ಆಟ ಮುಂದುವರಿಸುವ ‘ಕಾಂಟಿನ್ಯೂ’ ಆಯ್ಕೆ ಕಾಣುತ್ತಿಲ್ಲ, ಸೇವ್ ಮಾಡಿದ್ದೆಲ್ಲ ಮಾಯವಾಗಿದೆ. ಗೇಮ್ ಬಾಯ್ ಕಾಲದ ಕಾರ್ಟ್ರಿಜ್ ಆದರೆ ಉತ್ತರ ನೇರವಾಗಿದೆ, ಒಳಗಿನ ಬ್ಯಾಟರಿ ಸತ್ತಿದೆ. ಆ ಸೇವ್ ಚಿಪ್ ವಿದ್ಯುತ್ ಇರುವವರೆಗೆ ಮಾತ್ರ ನೆನಪಿಡುವಂಥದ್ದು. ಯಂತ್ರ ಆಫ್ ಇದ್ದಾಗ ಅದನ್ನು ಕಾಯುವುದು ನಾಣ್ಯದ ಆಕಾರದ ಬ್ಯಾಟರಿ. ಗೋಲ್ಡ್, ಸಿಲ್ವರ್‌ನಲ್ಲಿ ಅದೇ ಬ್ಯಾಟರಿ ಹಗಲು ರಾತ್ರಿ ಲೆಕ್ಕ ಹಾಕುವ ಗಡಿಯಾರವನ್ನೂ ನಡೆಸಬೇಕಾದ್ದರಿಂದ, ರೆಡ್‌ಗಿಂತ ಆಮೇಲೆ ಬಂದರೂ ಅನೇಕ ಸಲ ಮೊದಲು ಸಾಯುವುದು ಅದರದ್ದೇ. ಎಷ್ಟು ಸಲ ಅಳಿಸಿ ಹೊಸದಾಗಿ ಶುರು ಮಾಡಿದರೂ ಇದು ಸರಿಹೋಗುವುದಿಲ್ಲ. ಆಫ್ ಮಾಡಿದೊಡನೆ ಮತ್ತೆ ಎಲ್ಲವೂ ಖಾಲಿ. ಬ್ಯಾಟರಿ ಬದಲಾಯಿಸಬೇಕು, ಅದು ಬೆಸುಗೆ ಹಾಕಿ ಕೂರಿಸಿದ್ದಾಗಿರುತ್ತದೆ, ತೆಗೆಯುವಾಗ ಉಳಿದಿದ್ದ ಸೇವ್ ಕೂಡ ಹೋಗುತ್ತದೆ. ಎಲೆಕ್ಟ್ರಾನಿಕ್ಸ್ ರಿಪೇರಿಯವರಿಗೆ ಕಷ್ಟದ ಕೆಲಸವೇನಲ್ಲ. ಗೋಲ್ಡ್, ಸಿಲ್ವರ್‌ಗೆ ಸಿಆರ್2025 ಬೇಕು ಎಂದರೆ ಅರ್ಥವಾಗುತ್ತದೆ.

ರೂಬಿ, ಸಫೈರ್, ಎಮರಾಲ್ಡ್‌ಗಳಲ್ಲಿ ಬ್ಯಾಟರಿ ಇರುವುದು ಗಡಿಯಾರಕ್ಕೆ ಮಾತ್ರ. ಅದು ಸತ್ತಾಗ ‘ಒಳಗಿನ ಬ್ಯಾಟರಿ ಮುಗಿದಿದೆ’ ಎಂಬ ಸಂದೇಶ ಬಂದು ಆಟಗಾರರನ್ನು ಗಾಬರಿಗೊಳಿಸುತ್ತದೆ, ಸೇವ್‌ಗೆ ಏನೂ ಆಗಿರುವುದಿಲ್ಲ. ಫೈರ್‌ರೆಡ್, ಲೀಫ್‌ಗ್ರೀನ್‌ನಲ್ಲಿ ಬ್ಯಾಟರಿಯೇ ಇಲ್ಲ. ಆ ಹೆಸರಿನ ಕಾರ್ಟ್ರಿಜ್ ಸೇವ್ ಹಿಡಿದಿಡುತ್ತಿಲ್ಲವಾದರೆ ಅದು ನಕಲಿ ಎಂದು ಅನುಮಾನಿಸಿ.

ಅಳಿಸಲು ಇನ್ನೊಂದು ಸುಳ್ಳು ಕಾರಣವಿದೆ, ಮಿಸ್ಸಿಂಗ್‌ನೊ. ರೆಡ್, ಬ್ಲೂ ಆಟದ ಪ್ರಸಿದ್ಧ ದೋಷದಿಂದ ಹುಟ್ಟುವ ಈ ಪ್ರಾಣಿಯನ್ನು ಕಂಡರೆ ಸೇವ್ ಹಾಳಾಗುತ್ತದೆ ಎಂದು ಮಕ್ಕಳಲ್ಲಿ ಗುಲ್ಲೆದ್ದಿತ್ತು. ಚಿತ್ರ ಬಿಡಿಸಿಕೊಳ್ಳುವ ಜಾಗ ಸೇವ್ ಚಿಪ್ಪಿನಲ್ಲೇ ಇದೆ ಎಂದೆನಲ್ಲ, ಅದರ ಪಕ್ಕದಲ್ಲೇ ಹಾಲ್ ಆಫ್ ಫೇಮ್ ಇದೆ. ಮಿಸ್ಸಿಂಗ್‌ನೊ ಚಿತ್ರದ ಗಾತ್ರ ಮಿತಿಮೀರಿದ್ದು, ತನ್ನ ಜಾಗ ಮೀರಿ ಅತ್ತ ಚೆಲ್ಲುತ್ತದೆ. ಗೆದ್ದ ತಂಡಗಳ ಪಟ್ಟಿ ಕಲಸಿಹೋಗುತ್ತದೆ, ಉಳಿದ ಆಟ ಸಾಮಾನ್ಯವಾಗಿ ಸುರಕ್ಷಿತವಾಗಿರುತ್ತದೆ. ಆ ಭಯಕ್ಕೆ ಸೇವ್ ಅಳಿಸಬೇಕಿಲ್ಲ.

ಬೇಕೆಂದೇ ಅಳಿಸುವವರು

ಅಳಿಸುವುದನ್ನೇ ಆಟದ ಭಾಗ ಮಾಡಿಕೊಂಡವರೂ ಇದ್ದಾರೆ. 2010ರಲ್ಲಿ ನಿಕ್ ಫ್ರಾಂಕೊ ಎಂಬ ಅಮೆರಿಕದ ಚಿತ್ರಕಾರ ರೂಬಿ ಆಟವನ್ನು ತಾನೇ ಹಾಕಿಕೊಂಡ ಎರಡು ಕಠಿಣ ನಿಯಮಗಳೊಂದಿಗೆ ಆಡಿ, ಅದನ್ನು ಕಾಮಿಕ್ ಆಗಿ ಬರೆದರು. ಯುದ್ಧದಲ್ಲಿ ಪ್ರಜ್ಞೆ ತಪ್ಪಿದ ಪ್ರಾಣಿ ಸತ್ತಂತೆ, ಅದನ್ನು ಬಿಟ್ಟುಕೊಡಬೇಕು. ಒಂದೊಂದು ಪ್ರದೇಶದಲ್ಲಿ ಮೊದಲು ಎದುರಾದ ಪ್ರಾಣಿಯನ್ನು ಮಾತ್ರ ಹಿಡಿಯಬೇಕು. ನಜ್‌ಲಾಕ್ ಎಂಬ ಹೆಸರಿನಲ್ಲಿ ಇದು ಲೋಕವೆಲ್ಲ ಹಬ್ಬಿತು. ಇಡೀ ತಂಡ ಸೋತರೆ ಆಟ ಮುಗಿಯಿತು, ಸೇವ್ ಅಳಿಸಿ ಮೊದಲಿನಿಂದ ಬರಬೇಕು. ಮಕ್ಕಳ ಆಟ ಎಂದು ತಳ್ಳಿಹಾಕಿದ ದೊಡ್ಡವರನ್ನು ಮತ್ತೆ ಕೂರಿಸಿದ್ದು ಈ ನಿಯಮಗಳೇ. ಉಚಿತವಾಗಿ ಮರುಜೀವ ಸಿಗುವ ಆಟಕ್ಕೆ ಇವು ಸಾವಿನ ಭಾರ ತಂದವು, ಒಂದೇ ಸೇವ್ ಎಂಬ ಹಳೆಯ ಕಟ್ಟುಪಾಡು ಅದಕ್ಕೆ ಹೇಳಿ ಮಾಡಿಸಿದಂತಿತ್ತು.

ನಮ್ಮಲ್ಲಿ ಪೋಕೆಮಾನ್ ಗೊತ್ತಾದದ್ದು ಹೆಚ್ಚಾಗಿ ಟಿವಿಯ ಕಾರ್ಟೂನಿನಿಂದ. ಯಂತ್ರವಿದ್ದವರು ಕಡಿಮೆ, ಗಲ್ಫಿನಿಂದಲೋ ಅಮೆರಿಕದಿಂದಲೋ ಬಂದ ನೆಂಟರು ತಂದುಕೊಟ್ಟರಷ್ಟೇ. ಉಳಿದವರು ಆಡಿದ್ದು ಕಂಪ್ಯೂಟರ್ ಅಥವಾ ಮೊಬೈಲಿನ ಎಮ್ಯುಲೇಟರ್‌ನಲ್ಲಿ, ಅಂದರೆ ಆಟದ ಯಂತ್ರದಂತೆಯೇ ನಟಿಸುವ ತಂತ್ರಾಂಶದಲ್ಲಿ. ಕೊಳ್ಳದ ಆಟದ ಪ್ರತಿಯನ್ನು ಇಳಿಸಿಕೊಳ್ಳುವುದು ಕಾನೂನಿಗೆ ಒಪ್ಪುವುದಿಲ್ಲ ಎಂಬುದು ಎಲ್ಲರಿಗೂ ಗೊತ್ತಿದ್ದ, ಯಾರೂ ಮಾತಾಡದ ಸಂಗತಿ. ಎಮ್ಯುಲೇಟರ್‌ನಲ್ಲಿ ಎರಡು ಬಗೆಯ ಸೇವ್ ಇರುವುದರಿಂದ ಗೊಂದಲ ಇಮ್ಮಡಿ. ಆಟದೊಳಗಿನ ಮೆನುವಿನಿಂದ ಮಾಡಿದ ಸೇವ್ ಒಂದು ಕಡತವಾಗಿ ಉಳಿಯುತ್ತದೆ, ಅದು ಕಾರ್ಟ್ರಿಜ್ ಚಿಪ್ಪಿನ ಪಡಿಯಚ್ಚು. ಎಮ್ಯುಲೇಟರ್‌ನ ‘ಸೇವ್ ಸ್ಟೇಟ್’ ಬೇರೆ, ಅದು ಆ ಕ್ಷಣದ ಇಡೀ ಯಂತ್ರದ ಸ್ಥಿತಿ. ಮೂರು ಗುಂಡಿ ಒತ್ತಿ ಆಟವನ್ನು ಅಳಿಸಿ, ಆಮೇಲೆ ಮರೆತು ಹಳೆಯ ಸ್ಟೇಟ್ ತೆರೆದರೆ, ಹೋದವನೆಂದುಕೊಂಡ ಟ್ರೇನರ್ ಎದ್ದು ಬಂದು ಹೊಸಬನನ್ನು ನುಂಗಿಬಿಡಬಹುದು. ಇಲ್ಲಿ ಗುಂಡಿಗಳ ಗೊಡವೆಯೇ ಬೇಡ. ಆಟ ಮುಚ್ಚಿ, ಸೇವ್ ಕಡತದ ಹೆಸರು ಬದಲಾಯಿಸಿ ಬೇರೆಡೆ ಇಟ್ಟರೆ ಹೊಸ ಆಟವೂ ಶುರುವಾಗುತ್ತದೆ, ಹಳೆಯದೂ ಉಳಿಯುತ್ತದೆ. ಫೈರ್‌ರೆಡ್ ತೆರೆದಾಗ ಒಂದು ಮೆಗಾಬಿಟ್‌ನ ಸರ್ಕಿಟ್ ಬೋರ್ಡ್ ಜೋಡಿಸಿಲ್ಲ ಎಂಬ ವಿಚಿತ್ರ ಸಂದೇಶ ಬಂದರೆ ಹೆದರಬೇಡಿ. 128 ಕಿಲೋಬೈಟಿನ ಚಿಪ್ ಹುಡುಕುತ್ತಿರುವ ಆಟಕ್ಕೆ ಎಮ್ಯುಲೇಟರ್ 64ರದ್ದನ್ನು ತೋರಿಸುತ್ತಿದೆ ಎಂದಷ್ಟೇ ಅದರ ಅರ್ಥ, ಸೆಟ್ಟಿಂಗ್‌ನಲ್ಲಿ ಸೇವ್‌ನ ಬಗೆಯನ್ನು ಫ್ಲ್ಯಾಶ್ 128 ಎಂದು ಬದಲಾಯಿಸಿದರೆ ಸರಿಹೋಗುತ್ತದೆ.

ಸ್ವಿಚ್‌ಗೆ ಬಂದ ಮೇಲೆ ಕಾರ್ಟ್ರಿಜ್‌ಗೂ ಟ್ರೇನರ್‌ಗೂ ಇದ್ದ ಗಂಟು ಬಿಚ್ಚಿಕೊಂಡಿತು. 2019ರ ಸ್ವೋರ್ಡ್, ಶೀಲ್ಡ್ ಮತ್ತು 2022ರ ಸ್ಕಾರ್ಲೆಟ್, ವಯೊಲೆಟ್ ಆಟಗಳ ಸೇವ್ ಇರುವುದು ಯಂತ್ರದ ಒಳಗೆ, ಅದೂ ಬಳಕೆದಾರರ ಪ್ರೊಫೈಲ್‌ಗೆ ಒಂದರಂತೆ. ಹಳೆಯ ಕಾರ್ಡ್ ಕೊಂಡರೆ ಯಾರದೋ ಆಟ ಜೊತೆಗೆ ಬರುವುದಿಲ್ಲ. ಮೊದಲಿನಿಂದ ಶುರು ಮಾಡಬೇಕೆನಿಸಿದರೆ ಸಿಸ್ಟಮ್ ಸೆಟ್ಟಿಂಗ್ಸ್‌ನಲ್ಲಿ ಡೇಟಾ ಮ್ಯಾನೇಜ್‌ಮೆಂಟ್‌ಗೆ ಹೋಗಿ ಆ ಆಟದ ಸೇವ್ ಅಳಿಸಬಹುದು. ಆದರೆ ನಿಂಟೆಂಡೊದ ಕ್ಲೌಡ್ ಬ್ಯಾಕಪ್ ಈ ಆಟಗಳಿಗೆ ಅನ್ವಯಿಸುವುದಿಲ್ಲ, ಅಳಿಸಿದ್ದು ಅಳಿಸಿದಂತೆಯೇ. ಅದಕ್ಕಿಂತ ಯಂತ್ರದಲ್ಲಿ ಹೊಸ ಪ್ರೊಫೈಲ್ ಒಂದನ್ನು ತೆರೆದು ಅದರಿಂದ ಆಟ ಶುರು ಮಾಡಿ. ಹೊಸ ಹೆಸರು, ಹೊಸ ಸಂಖ್ಯೆ ಸಿಗುತ್ತದೆ, ಹಳೆಯ ಟ್ರೇನರ್ ತನ್ನ ಪ್ರೊಫೈಲ್‌ನಲ್ಲಿ ತನ್ನ ಪಾಡಿಗೆ ಇರುತ್ತಾನೆ.